ಗಣತಿ ದಿನ ಬಾಗಿಲು ಕೇಳಿದ್ದು

ಮೂರು ಚಿರತೆ ಓಡಿಸಿದವಳು ಕಣವ್ವಾ ನಾನು. ಅರ್ಧ ಸುಳ್ಳು ಬಿಡು. ಬಂದಿದ್ದು ಒಂದೇ, ಅದೂ ಕುಂಟ್ತಿತ್ತು. ಆದರೆ ಮೊನ್ನೆ ಗಣತಿ ದಿನ ನಮ್ಮನೆ ಬಾಗಿಲಿಗೆ ಹೆದರಿ, ಬೆವರಿಗೆ ಸೆರಗೇ ಕೆರೆಯಾಯ್ತು.

ನಿನಗೂ ಗೊತ್ತಲ್ಲ, ವರ್ಷಕ್ಕೊಂದು ಸಲ ಬಾಗಿಲು ಒಬ್ಬೊಬ್ಬರನ್ನೇ ನಿಲ್ಲಿಸಿ ಕೇಳ್ತದೆ: "ಜೊತೇಲಿರೋರು ನಿಮಗೇನಾಗಬೇಕು?" ಇಬ್ಬರ ಮಾತು ಹೊಂದದಿದ್ರೆ, ಮನೆ ಯಾರ ಹೆಸರಲ್ಲಿಲ್ಲವೋ ಅವರಿಗೆ ಮತ್ತೆ ತೆರೆಯೋದಿಲ್ಲ. ಮನೆ ನನ್ನ ಹೆಸರಲ್ಲಿದೆ.

ನನ್ನ ಗಂಡ ಸತ್ತ ಮೇಲೆ, ಹದಿನೆಂಟು ವರ್ಷದಿಂದ ನಾನೂ ಜವರಮ್ಮನೂ ಒಂದೇ ಒಲೆ, ಒಂದೇ ಚಾಪೆ. ಪ್ರತಿ ಸಲ ಇಬ್ಬರೂ "ಅಕ್ಕತಂಗೀರು" ಅಂತಿದ್ವಿ. ಈ ಸಲ ನಾನು ಮೊದಲು ನಿಂತೆ. ಹುಟ್ಟಿದಾಗಿಂದ ಸುಳ್ಳಾಡಿದ ಈ ಹಾಳು ನಾಲಿಗೆ ಅವತ್ತೇ ನಿಜ ಹೇಳಿಬಿಡ್ತು: "ಅವಳೇ ನನ್ನ ಸಂಸಾರ."

ನನ್ನನ್ನ ಒಳಗೆ ಬಿಟ್ಟು ಬಾಗಿಲು ಮುಚ್ಕೊಳ್ತು. ಹೊರಗೆ ಜವರಮ್ಮ, ಕೈಯಲ್ಲಿ ಸೊಪ್ಪಿನ ಕಟ್ಟು. ಗಣತಿ ಮುಗಿಯೋವರೆಗೂ ಒಳಗಿನ ಮಾತು ಹೊರಗೆ, ಹೊರಗಿನದು ಒಳಗೆ ಹೋಗೋದಿಲ್ಲ; ಕಿಟಕಿಯಿಂದ ಎಷ್ಟು ಕೂಗಿದ್ರೂ ಅವಳಿಗೆ ಕೇಳಿಸಲಿಲ್ಲ. ಹೋಗೋಕೆ ಅವಳಿಗೆ ಬೇರೆ ಮನೆಯೇ ಇಲ್ಲ ಕಣವ್ವಾ. ಬಾಗಿಲು ಕೇಳ್ತು. ಅವಳು ಸೊಪ್ಪು ಕೆಳಗಿಟ್ಟು ತುಟಿ ಅಲ್ಲಾಡಿಸಿದಳು.

ಅಗೋ, ಒಳಗೆ ರೊಟ್ಟಿ ತಟ್ಟೋ ಸದ್ದು ಕೇಳ್ತಿದೆಯಲ್ಲ. ಅವಳು ಏನಂದಿರಬಹುದು, ನೀನೇ ಹೇಳು.