ಮೂರನೇ ಹರಾಜು

ಸಾಲ ಕಟ್ಟದೆ ಅವನು ಮೂರು ವರ್ಷ ಕೋರ್ಟಿನಲ್ಲಿ ಎಳೆದಾಡಿದ ಮೇಲೆ ತಡೆಯಾಜ್ಞೆ ತೆರವಾಯಿತು. ಬ್ಯಾಂಕಿನವರು ಮನೆಯನ್ನು ಹರಾಜಿಗಿಟ್ಟರು. ಅವನು ಹೆಂಡತಿಯನ್ನು ಕರೆದ.

"ಮನೆ ನೋಡೋಕೆ ಯಾರೇ ಬರಲಿ, ಕೂದಲು ಕೆದರಿಕೊಂಡು ಕಿರುಚಬೇಕು."

"ನನ್ನ ಕೈಲಾಗಲ್ಲ."

ಕೆನ್ನೆಗೊಂದು ಬಿತ್ತು. ಮರುದಿನದಿಂದ ಕಿರುಚಿದಳು.

"ಈ ಮನೆಗೆ ಬಂದಾಗಿಂದ ಇವಳಿಗೆ ಹೀಗೇ. ಮುಂದೆ ನಿಮ್ಮಿಷ್ಟ," ಎಂದು ಅವನು ಗೇಟಿನಲ್ಲೇ ದನಿ ತಗ್ಗಿಸಿ ಹೇಳುತ್ತಿದ್ದ. ಬಂದವರು ಚಪ್ಪಲಿ ಬಿಡುವ ಮೊದಲೇ ವಾಪಸಾಗುತ್ತಿದ್ದರು. ಎರಡು ಹರಾಜಿನಲ್ಲೂ ಯಾರೂ ಸವಾಲು ಕೂಗಲಿಲ್ಲ. ಬ್ಯಾಂಕಿನವರು ಬೆಲೆ ಇಳಿಸಿದರು. ಮೂರನೆಯದರಲ್ಲಿ, ಅವನೇ ಹೇಳಿಕೊಟ್ಟಿದ್ದಂತೆ, ಹೆಂಡತಿಯ ತಮ್ಮ ಕೂಗಿ ಮನೆಯನ್ನು ತನ್ನ ಹೆಸರಿಗೆ ಮಾಡಿಸಿಕೊಂಡ.

ನೋಂದಣಿ ಮುಗಿದ ಸಂಜೆ ಅವನು ಮೀಸೆಯಡಿ ನಗುತ್ತಾ ಮನೆಗೆ ಬಂದ. ಗೇಟಿಗೆ ಬಾಮೈದ ಅಡ್ಡ ನಿಂತಿದ್ದ. ಪಕ್ಕದಲ್ಲಿ ಭಾವನದೇ ಸೂಟ್‌ಕೇಸು.

"ಅಕ್ಕ ಇಲ್ಲೇ ಇರ್ತಾಳೆ ಭಾವ. ನೀವು ಹೊರಡಿ."

"ನನ್ನ ಮನೆಯಿಂದ ನನ್ನನ್ನೇ ಕಳಿಸ್ತೀಯೇನೋ? ಎಲ್ಲಿ, ಅವಳನ್ನ ಕರಿ."

ಅವಳೇ ಬಾಗಿಲಿಗೆ ಬಂದಳು. ತಲೆಗೆ ಎಣ್ಣೆ ಹಚ್ಚಿ, ಬಾಚಿ, ಬಿಗಿಯಾಗಿ ಜಡೆ ಹಾಕಿದ್ದಳು.

"ಹೋಗ್ತೀರೋ, ಕಿರುಚಲೋ?"