ಕುದುರೆ ಏರಿ ಬಂದ ಮನೆತನ

“ಪೀಠಿಕಿ ಬ್ಯಾಡ ಮೇಡಂ. ಸೀದಾ ಓದ್ರಿ,” ಎಂದರು ಗೌಡರು.

ಯಶೋಧರಾ ತೆರೆದ ಬಾಯಿ ಮುಚ್ಚಿ ಫೈಲು ತೆರೆದಳು. ಸಿಂಧನೂರಿನ ಮೈಲಾರಲಿಂಗಪ್ಪ ಗೌಡರಿಗೆ ಎಪ್ಪತ್ತೈದು ತುಂಬುತ್ತಿತ್ತು. ಅಭಿನಂದನ ಗ್ರಂಥಕ್ಕೆ ಮನೆತನದ ಚರಿತ್ರೆ ಬೇಕಾಗಿತ್ತು. ವಂಶಾವಳಿ ಕಾಪಿಡುವ ಹೆಳವರು ಬಂದು ಏಳು ತಲೆಮಾರು ಹೇಳಿ, ಒಂದು ಚೀಲ ಜೋಳ ಹೊತ್ತು ಹೋಗಿದ್ದರು. ಆದರೆ ಅವರ ಪುಸ್ತಕದಲ್ಲಿ ಬರೀ ಹೆಸರಿದ್ದವು, ಪರಾಕ್ರಮ ಇರಲಿಲ್ಲ. ಅದಕ್ಕೇ ಲಿಂಗಸುಗೂರಿನ ಕಾಲೇಜಿನಲ್ಲಿ ಇತಿಹಾಸ ಕಲಿಸುವ ಮಸ್ಕಿಯ ಈ ಹೆಣ್ಣುಮಗಳನ್ನು ಕರೆಸಿದ್ದರು. ಗೌಡರಿಗೆ ಸ್ಟೀಲ್ ಲೋಟದಲ್ಲಿ ಚಹಾ ಬಂತು, ಅವಳಿಗೆ ಕಾಗದದ ಕಪ್ಪಿನಲ್ಲಿ.

ಬಾಗಿಲ ಮರೆಯಲ್ಲಿ ಗೌಡರ ತಂಗಿ ಗ್ಯಾನಮ್ಮ ತೊಗರಿ ಕೇರುತ್ತಿದ್ದಳು. ಹದಿನಾರರಲ್ಲಿ ಅವಳನ್ನು ಮಠದ ಸೇವೆಗೆ ಬಿಟ್ಟಿದ್ದರು. ಹುಡುಗಿಗೆ ವೈರಾಗ್ಯ ಬಂದಿದೆ ಎಂದು ಊರಿಗೆ ಹೇಳಿದ್ದರು. ಅವಳಿಗೆ ಆಗ ಬಂದದ್ದು ಒಂದು ಡಜನ್ ಹಸಿರು ಬಳೆ ತೊಡಬೇಕೆಂಬ ಆಸೆ ಮಾತ್ರ. ಹೋದ ತಿಂಗಳು ಮಠದಿಂದ ಅಣ್ಣನ ಮನೆಗೆ ಬಂದವಳು, ಅರವತ್ತೆಂಟರಲ್ಲಿ, ಮೊದಲ ಸಲ ಬಾಯಿಬಿಟ್ಟು ಅಪ್ಪನ ಹೊಲದಲ್ಲಿ ಪಾಲು ಕೇಳಿದ್ದಳು: ಬಳಗಾನೂರಿನ ಕಾಲುವೆ ದಂಡೆಯ ಎಂಟೆಕರೆ.

“ಸನ್ಯಾಸಿಗೆ ಹೊಲ ಯಾಕಬೇ? ಹೊತ್ಕೊಂಡು ಹೋಗ್ತೀಯೇನು?” ಎಂದು ಗೌಡರು ನಕ್ಕಿದ್ದರು.

ಯಶೋಧರಾ ಓದತೊಡಗಿದಳು. “ಮೂಲಪುರುಷ ಉತ್ತರದಿಂದ ಬಂದವನು. ಒಂದು ಕುದುರೆ, ಒಂದು ಕತ್ತಿ, ಅಷ್ಟೇ ಆಸ್ತಿ.”

“ಖರೆ. ನಮ್ಮಜ್ಜನೂ ಹಿಂಗ ಹೇಳ್ತಿದ್ದ.” ಗೌಡರು ಮೀಸೆ ಸವರಿದರು.

“ಕೂಲಿ ಕೊಟ್ಟವರ ಪರ ಕಾದಿದ. ಜಾಸ್ತಿ ಕೊಡುವವರು ಸಿಕ್ಕಾಗ ಪಕ್ಷ ಬದಲಿಸಿದ.”

ಗೌಡರು ಮೀಸೆ ಬಿಟ್ಟರು. ಮೂರು ಪಕ್ಷ ನೋಡಿದ್ದ ಅವರಿಗೆ ಇದು ಅಜ್ಜನ ಸಂಗತಿಯೋ ತಮ್ಮದೋ ತಿಳಿಯಲಿಲ್ಲ. “ಅದು ರಾಜಕಾರಣ ಬಿಡ್ರಿ. ಮುಂದ?”

“ಯಾತ್ರಿಕರನ್ನು ಸುಲಿದ. ಕೋಟೆ ಹಿಡಿದ ಮೇಲೆ, ನಿನ್ನೆ ಕಳ್ಳ ಎಂದವರೇ ಇಂದು ದೊರೆ ಎಂದರು.”

ಯಾತ್ರಿಕರ ಹಳೆಯ ಛತ್ರದ ಜಾಗದಲ್ಲೇ ಗೌಡರ ರೈಸ್‌ಮಿಲ್ಲು ನಿಂತಿತ್ತು. “ಇದನ್ನ ನಿಮಗ ಯಾರು ಹೇಳಿದ್ರು?”

“ದಾಖಲೆ ಅದಾವ್ರಿ.”

ಗೌಡರು ಲೋಟ ಕೆಳಗಿಟ್ಟರು. ದಾಖಲೆಗಳನ್ನೆಲ್ಲ ತಾವೇ ಒಲೆಗೆ ಹಾಕಿದ್ದು ಅವರಿಗೆ ಚೆನ್ನಾಗಿ ನೆನಪಿತ್ತು. “ಹೆಸರೊಂದೂ ಇಲ್ಲಲ್ಲ ಇದರಾಗ?”

“ಹೆಸರು ಬಿಟ್ಟು ಓದಾಕತ್ತೀನ್ರಿ. ಕೇಳಾಕ ಕಷ್ಟ ಆಗ್ತಾವ.”

ಅದು ಬೆದರಿಕೆಯಂತೆಯೇ ಕೇಳಿಸಿತು.

“ಮುಂದಿನ ತಲೆಮಾರಿನಲ್ಲಿ, ಮಗಳ ಪಾಲು ಹೊರಗೆ ಹೋಗಬಾರದೆಂದು ಅಣ್ಣಂದಿರು ಆಕೆಯನ್ನು ಸನ್ಯಾಸಿನಿಯರ ಮಠಕ್ಕೆ ಸೇರಿಸಿದರು. ದೇವರೇ ಕರೆದನೆಂದು ಜನರಿಗೆ ಹೇಳಿದರು. ಹಕ್ಕು ಬಿಟ್ಟೆನೆಂಬ ಪತ್ರಕ್ಕೆ ಅದಕ್ಕೂ ಮೊದಲೇ ಗುರುತು ಹಾಕಿಸಿಕೊಂಡಿದ್ದರು.”

ಮೊರದ ಸದ್ದು ನಿಂತಿತು. ಐವತ್ತೆರಡು ವರ್ಷ ತನ್ನೊಬ್ಬಳ ಹೊಟ್ಟೆಯಲ್ಲಿದ್ದ ಮಾತು ಪರರ ಬಾಯಲ್ಲಿ, ಅದೂ ಇಷ್ಟು ಶುದ್ಧ ಕನ್ನಡದಲ್ಲಿ ಬಂದದ್ದು ಕೇಳಿ ಗ್ಯಾನಮ್ಮನಿಗೆ ಅಳು ಬರಲಿಲ್ಲ. ಬೆನ್ನು ನೆಟ್ಟಗಾಯಿತು. ಎದ್ದು ಬಾಗಿಲಿಗೆ ಬಂದು ನಿಂತಳು.

“ಈ ಪುಟ ತೆಗಿಯಾಕ ಏನ್ ತಗೋತೀರಿ?” ಗೌಡರು ಮೆಲ್ಲಗೆ ಕೇಳಿದರು.

ಯಶೋಧರಾ ಗೌಡರನ್ನು ನೋಡಿದಳು, ಬಾಗಿಲಲ್ಲಿದ್ದ ಮುದುಕಿಯನ್ನು ನೋಡಿದಳು. ಏನನ್ನೋ ಹೇಳಹೊರಟವಳು ತಡೆದು, ಫೈಲು ಮುಚ್ಚಿದಳು. “ನನಗೇನೂ ಬ್ಯಾಡ್ರಿ. ಅಮ್ಮಾರನ್ನ ಕೇಳ್ರಿ.”

“ಎಂಟೆಕರೆ,” ಎಂದಳು ಗ್ಯಾನಮ್ಮ.

ಆ ವಾರವೇ ನೋಂದಣಿ ಆಯಿತು. ಕಾಗದದಲ್ಲಿ ಅದಕ್ಕೆ ದಾನಪತ್ರ ಎಂದು ಹೆಸರು. ಕಿತ್ತುಕೊಂಡದ್ದನ್ನು ಹಿಂದಿರುಗಿಸುವಾಗಲೂ ಗೌಡರು ದಾನಿಯೇ ಆಗಬೇಕಿತ್ತು.

ಕಚೇರಿಯ ಮೆಟ್ಟಿಲ ಮೇಲೆ ಗ್ಯಾನಮ್ಮ, ಸಾಕ್ಷಿ ಹಾಕಲು ಬಂದಿದ್ದ ಯಶೋಧರಾಳ ಕೈ ಹಿಡಿದಳು. “ನನ್ನ ಸಂಗತಿ ನಿನಗ ಯಾರು ಹೇಳಿದ್ರು ತಂಗಿ?”

“ಯಾರೂ ಹೇಳಿಲ್ರೀ ಅಮ್ಮಾ. ಅದು ಫ್ರಾನ್ಸಿನ ನಾರ್ಮಂಡಿಯಿಂದ ಬಂದು ಇಟಲಿಯಾಗ ದೊರೆಗಳಾದ ಒಂದು ಮನೆತನದ ಕಥಿ, ಒಂಬೈನೂರು ವರ್ಷ ಹಿಂದಿಂದು. ಚರಿತ್ರೆ ಹಿಂಗೂ ಬರೀತಾರ ಅಂತ ಗೌಡ್ರಿಗೆ ತೋರಸಾಕ ತಂದಿದ್ದೆ. ನಿಮ್ಮ ಮನಿದು ಇನ್ನೂ ಒಂದು ಸಾಲೂ ಬರದಿಲ್ಲ.”