ಹೊಡೆದು ಹಾಕಿದ ಸಾಲು

ಅಣ್ಣನ ಪುಸ್ತಕಕ್ಕೆ ತಂಗಿ ತೆತ್ತದ್ದು ಒಂಬತ್ತು ವರ್ಷದ ಸಂಜೆಗಳು, ಎರಡು ಕನ್ನಡಕ, ಮತ್ತು ಈಗ ಬಟ್ಟೆ ಹಿಂಡಲೂ ಬಾರದ ಬಲಗೈ. ಸಾಹಿತಿಗಳು ಹಸ್ತಪ್ರತಿಯಲ್ಲಿ ಹೊಡೆದು ಹಾಕಿದ ಮಾತಿನಲ್ಲೇ ಅವರ ಒಳಮನಸ್ಸು ಅಡಗಿರುತ್ತದೆ ಎಂಬುದು ಪ್ರೊಫೆಸರ್ ಅಣ್ಣನ ವಾದ. ಹಾಗಾಗಿ ಹೊಡೆದ ಸಾಲನ್ನೂ ಬಿಡದೆ ಟೈಪ್ ಮಾಡಿ, ಅದರ ಮೇಲೊಂದು ಗೆರೆ ಎಳೆಯಬೇಕೆಂದು ಅವಳಿಗೆ ಕಟ್ಟಪ್ಪಣೆಯಾಗಿತ್ತು. ಕೊನೆಗೆ ಉಳಿದಿದ್ದ ಕೃತಜ್ಞತೆಯ ಪುಟವನ್ನೂ ಹಾಗೇ ಟೈಪ್ ಮಾಡಿ ಅವನ ಕೈಗಿತ್ತಳು.

“ಏನೇ ಇದು? ಈ ಸಾಲು ಹೊಡೆದು ಹಾಕಿದ್ದೆ, ಕಾಣಲಿಲ್ವಾ?”

“ಕಾಣದೇ ಏನು? ‘ಇಡೀ ಪುಸ್ತಕ ಟೈಪ್ ಮಾಡಿದ ನನ್ನ ತಂಗಿಗೆ’ ಅಂತಿತ್ತು. ಮೂರು ಸಲ ಗೀಚಿದೀಯ.”

“ವಿದ್ವಾಂಸರು ಓದೋ ಪುಸ್ತಕ ಕಣೇ. ಮನೆಯವರನ್ನೆಲ್ಲ ಎಳೆದು ತಂದರೆ ಹಗುರ ಆಗುತ್ತೆ.”

“ಊರವರ ಮನಸ್ಸನ್ನೆಲ್ಲ ಬಗೆದು ನೋಡಿದೀಯ. ಇದಕ್ಕೇನು ಅರ್ಥ ಅಂತ ನೀನೇ ಹೇಳಪ್ಪ, ಪುಣ್ಯಾತ್ಮ.”

ಅಣ್ಣ ಪೆನ್ನಿನ ಮುಚ್ಚಳ ತೆಗೆದ, ಮತ್ತೆ ಹಾಕಿದ. ತಂಗಿ ಬೈಯಲಿಲ್ಲ, ಬೈಯುವುದಕ್ಕೂ ತ್ರಾಣ ಬೇಕು. ಟೈಪ್‌ರೈಟರಿಗೆ ಮುಸುಕು ಹೊದಿಸಿ, ಚಪ್ಪಲಿ ಮೆಟ್ಟಿ ಹೊರಟಳು. ಅಣ್ಣನಿಗೆ ಪುಸ್ತಕ ದಕ್ಕಿತು, ತಂಗಿ ಕೈಬಿಟ್ಟು ಹೋದಳು.